ಬಾಲಪ್ರತಿಭೆ: ವರ, ದಾಖಲೆ ಮತ್ತು ಕೆಲವು ತಪ್ಪು ಕಲ್ಪನೆಗಳು

ಪ್ರತಿಭಾ ಕಾರಂಜಿಯ ದಿನ ಧಾರವಾಡ ಜಿಲ್ಲೆಯ ಕಲಘಟಗಿಯ ಶಾಲಾ ಮೈದಾನದಲ್ಲಿ ವೇದಿಕೆ ಒಂದೇ ಇರುತ್ತದೆ, ತೀರ್ಪುಗಾರರು ಮಾತ್ರ ನೂರಾರು ಮಂದಿ. ಮೇಜಿನ ಹಿಂದೆ ಕೂತವರು ಅಂಕ ಹಾಕುತ್ತಾರೆ. ಮರದ ನೆರಳಿಗೆ ನಿಂತ ಪಾಲಕರು ಭವಿಷ್ಯ ಹೇಳುತ್ತಾರೆ. ಕಂಠಪಾಠವನ್ನು ಎಲ್ಲೂ ತಪ್ಪದೆ ಒಪ್ಪಿಸಿದ ಹುಡುಗಿಗೆ ‘ಸರಸ್ವತಿ ನಾಲಿಗಿ ಮ್ಯಾಲೆ ಕುಂತಾಳ್ರಿ’ ಎಂಬ ಮಾತು ಸಿಗುತ್ತದೆ. ನಡುವೆ ತಡವರಿಸಿದ ಹುಡುಗನಿಗೆ ‘ಇವನ ತಲ್ಯಾಗ ಏನೂ ನಿಲ್ಲಂಗಿಲ್ಲ’ ಎಂಬ ಷರಾ ಬೀಳುತ್ತದೆ. ಕ್ಲಸ್ಟರಿನಿಂದ ತಾಲ್ಲೂಕಿಗೆ, ತಾಲ್ಲೂಕಿನಿಂದ ಜಿಲ್ಲೆಗೆ ಸ್ಪರ್ಧೆ ಮೇಲೇರಿದಂತೆ ಈ ಮಾತುಗಳೂ ಗಟ್ಟಿಯಾಗುತ್ತ ಹೋಗುತ್ತವೆ.

ಹೊಗಳಿಕೆ, ಷರಾ ಎರಡರ ಹಿಂದೆಯೂ ಇರುವುದು ಅವೇ ನಂಬಿಕೆಗಳು. ನೆನಪು ಎಂಬುದು ವರ, ಬರವಣಿಗೆ ಹುಟ್ಟುಗುಣ, ಸಮಾಜದ ವಿಚಾರ ದೊಡ್ಡವರ ಬಾಬತ್ತು, ದಾಖಲೆ ಪುಸ್ತಕದಲ್ಲಿ ಹೆಸರು ಬಂದರೆ ಬಾಳು ಬಂಗಾರ. ಇವನ್ನು ಒರೆಗೆ ಹಚ್ಚಿ ನೋಡಲು ದೂರ ಹೋಗಬೇಕಿಲ್ಲ. ನಮ್ಮ ನಾಡಿನಲ್ಲೇ ಒಳ್ಳೆಯ ಉದಾಹರಣೆಗಳಿವೆ. ಎಲ್ಲಕ್ಕಿಂತ ದೊಡ್ಡದು ಶಕುಂತಲಾದೇವಿಯವರದು. 1929ರ ನವೆಂಬರ್ 4ರಂದು ಬೆಂಗಳೂರಿನಲ್ಲಿ ಕನ್ನಡ ಕುಟುಂಬವೊಂದರಲ್ಲಿ ಹುಟ್ಟಿ, 2013ರ ಏಪ್ರಿಲ್ 21ರಂದು ಅದೇ ಊರಿನಲ್ಲಿ ತೀರಿಕೊಂಡ ಅವರು ಲೆಕ್ಕದಿಂದ ಹೆಸರಾದರು, ಪುಸ್ತಕಗಳನ್ನು ಬರೆದರು, ಸಮಾಜ ಬಾಯಿಬಿಡಲು ಅಂಜುತ್ತಿದ್ದ ವಿಷಯವೊಂದರ ಪರ ನಿಂತರು. ನೆನಪು, ಬರಹ, ಸಾಮಾಜಿಕ ದನಿ ಮೂರೂ ಆ ಒಂದೇ ಬದುಕಿನಲ್ಲಿ ಕಾಣುತ್ತವೆ. ಆದರೆ ಮೂರೂ ಒಟ್ಟಿಗೆ ಬರಲಿಲ್ಲ, ಒಂದೇ ದಾರಿಯಲ್ಲಿಯೂ ಬರಲಿಲ್ಲ. ಈ ವ್ಯತ್ಯಾಸ ಅರ್ಥವಾದರೆ ಅರ್ಧ ತಪ್ಪು ಕಲ್ಪನೆಗಳು ತಾವಾಗಿಯೇ ಸಡಿಲುತ್ತವೆ.

ತಪ್ಪು ಕಲ್ಪನೆ 1: ‘ಅಂಥಾ ತಲಿ ಹುಟ್ಟುತ್ತಲೇ ಬರಬೇಕು, ಕಲಿತರ ಬರಂಗಿಲ್ಲ.’

ವಾಸ್ತವ: ಶಕುಂತಲಾದೇವಿಯ ತಂದೆ ಸರ್ಕಸ್ಸಿನಲ್ಲಿ ಕೆಲಸ ಮಾಡುತ್ತಿದ್ದವರು. ಮೂರು ವರ್ಷದ ಮಗಳಿಗೆ ಇಸ್ಪೀಟಿನ ಎಲೆಗಳ ಚಮತ್ಕಾರ ಕಲಿಸುವಾಗ ಅವಳು ಅಂಕಿಗಳನ್ನು ನೆನಪಿಡುವ ಪರಿ ಅವರ ಕಣ್ಣಿಗೆ ಬಿತ್ತು. ಸರ್ಕಸ್ ಬಿಟ್ಟು ಮಗಳನ್ನು ಕರೆದುಕೊಂಡು ಊರೂರು ತಿರುಗಿ ಪ್ರದರ್ಶನ ಕೊಡಿಸತೊಡಗಿದರು. ಆರನೆಯ ವಯಸ್ಸಿಗೆ ಆಕೆ ಮೈಸೂರು ವಿಶ್ವವಿದ್ಯಾಲಯದಲ್ಲಿ ಲೆಕ್ಕ ಮಾಡಿ ತೋರಿಸಿದಳು. ಶಾಲೆಯ ಓದು ಸಿಕ್ಕಿದ್ದು ಅಷ್ಟಕ್ಕಷ್ಟೇ. ಅಂಕಿಗಳ ಒಡನಾಟ ಮಾತ್ರ ದಿನವಿಡೀ. 1980ರ ಜೂನ್ 18ರಂದು ಲಂಡನ್ನಿನ ಇಂಪೀರಿಯಲ್ ಕಾಲೇಜಿನಲ್ಲಿ 13 ಅಂಕಿಗಳ ಎರಡು ಸಂಖ್ಯೆಗಳನ್ನು ಗುಣಿಸಿ, 26 ಅಂಕಿಗಳ ಉತ್ತರವನ್ನು 28 ಸೆಕೆಂಡಿನಲ್ಲಿ ಹೇಳಿ ಮುಗಿಸಿದಾಗ ಆಕೆಗೆ 50 ವರ್ಷ. ಅದರ ಹಿಂದೆ ಸುಮಾರು ನಾಲ್ಕೂವರೆ ದಶಕಗಳ ರೂಢಿಯಿತ್ತು.

1988ರಲ್ಲಿ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಮನೋವಿಜ್ಞಾನಿ ಆರ್ಥರ್ ಜೆನ್ಸನ್ ಶಕುಂತಲಾದೇವಿಯವರನ್ನು ಪರೀಕ್ಷಿಸಿದರು. ಬುದ್ಧಿಶಕ್ತಿಯ ಬಹುಪಾಲು ಹುಟ್ಟಿನಿಂದ ಬರುತ್ತದೆ ಎಂದು ವಾದಿಸುತ್ತಿದ್ದ ವಿದ್ವಾಂಸರು ಜೆನ್ಸನ್. 61,629,875ರ ಘನಮೂಲ 395 ಎಂಬ ಉತ್ತರ, ಜೆನ್ಸನ್ ಪ್ರಶ್ನೆಯನ್ನು ತಮ್ಮ ಟಿಪ್ಪಣಿ ಪುಸ್ತಕದಲ್ಲಿ ಬರೆದುಕೊಳ್ಳುವ ಮೊದಲೇ ಬಂತು. ಆದರೆ ದೀಪ ಹೊತ್ತಿದ ಕೂಡಲೇ ಗುಂಡಿ ಒತ್ತುವಂಥ, ಮಿದುಳಿನ ಮೂಲ ವೇಗ ಅಳೆಯುವ ಪರೀಕ್ಷೆಗಳಲ್ಲಿ ಶಕುಂತಲಾದೇವಿ ವಿಶೇಷವೇನೂ ಆಗಿರಲಿಲ್ಲ. ಅಂಕಿಗಳ ವಿಷಯದಲ್ಲಿ ಮಾತ್ರ ಆ ಮಿಂಚು.

ಘನಮೂಲದ ಮೊದಲ ಮೆಟ್ಟಿಲನ್ನು ಏಳನೇ ತರಗತಿಯ ಮಗುವೂ ಹತ್ತಬಹುದು. 1ರಿಂದ 9ರವರೆಗಿನ ಘನಗಳು 1, 8, 27, 64, 125, 216, 343, 512, 729. ಇವುಗಳ ಕೊನೆಯ ಅಂಕಿ ಒಂದರಂತೆ ಇನ್ನೊಂದಿಲ್ಲ. ಯಾರಾದರೂ 50,653ರ ಘನಮೂಲ ಕೇಳಿದರೆ ಕೊನೆಯ ಅಂಕಿ 3 ನೋಡಿ. 3ರಲ್ಲಿ ಮುಗಿಯುವ ಘನ 343, ಅದು 7ರದು. ಹಾಗಾದರೆ ಉತ್ತರದ ಕೊನೆಗೆ 7. ಕೊನೆಯ ಮೂರು ಅಂಕಿ ಬಿಟ್ಟರೆ ಉಳಿಯುವ 50, 27ಕ್ಕೂ 64ಕ್ಕೂ ನಡುವೆ ಬರುತ್ತದೆ. ಆದ್ದರಿಂದ ಮೊದಲಿಗೆ 3. ಉತ್ತರ 37. ಇಷ್ಟು ಕಲಿತ ಮಾತ್ರಕ್ಕೆ ಎಲ್ಲರೂ ಶಕುಂತಲಾದೇವಿ ಆಗುವುದಿಲ್ಲ. ಅವರ ಎತ್ತರ ಅಪರೂಪದ್ದೇ. ಆದರೆ ಆ ಎತ್ತರಕ್ಕೆ ಮೆಟ್ಟಿಲುಗಳಿವೆ ಎಂಬುದು ಮಕ್ಕಳಿಗೆ ಗೊತ್ತಾಗಬೇಕು.

ತಪ್ಪು ಕಲ್ಪನೆ 2: ‘ಒಮ್ಮೆ ನೋಡಿದರ ಸಾಕು, ಫೋಟೋ ಹೊಡದಂಗ ತಲ್ಯಾಗ ಉಳೀತದ.’

ವಾಸ್ತವ: 1981ರ ಜುಲೈ 5ರಂದು ಮಂಗಳೂರಿನಲ್ಲಿ ರಾಜನ್ ಮಹಾದೇವನ್ ಎಂಬ ಯುವಕ ಗಣಿತದ ‘ಪೈ’ ಸಂಖ್ಯೆಯ 31,811 ಅಂಕಿಗಳನ್ನು ಬಾಯಿಪಾಠ ಒಪ್ಪಿಸಿ ಗಿನ್ನೆಸ್ ದಾಖಲೆ ಮಾಡಿದರು. ಮಂಗಳೂರಿನಲ್ಲೇ ಬೆಳೆದ ಇವರು ಚಿಕ್ಕವರಿದ್ದಾಗ ಮನೆಗೆ ಬಂದ ಅತಿಥಿಗಳ ವಾಹನಗಳ ನಂಬರನ್ನೆಲ್ಲ ಹೇಳಿ ಎಲ್ಲರನ್ನೂ ಬೆರಗುಗೊಳಿಸಿದ್ದರಂತೆ. ಮುಂದೆ ಅಮೆರಿಕದ ಕ್ಯಾನ್ಸಸ್ ಸ್ಟೇಟ್ ವಿಶ್ವವಿದ್ಯಾಲಯದ ಸಂಶೋಧಕರು ಅವರ ನೆನಪನ್ನು ವರ್ಷಗಟ್ಟಲೆ ಅಭ್ಯಸಿಸಿ ಪುಸ್ತಕವನ್ನೇ ಬರೆದರು. ‘ಫೋಟೋ’ ಆಗಿದ್ದರೆ ಅಂಕಿಯಾದರೇನು, ಚಿತ್ರವಾದರೇನು, ಎಲ್ಲವೂ ಒಂದೇ ರೀತಿ ಉಳಿಯಬೇಕಿತ್ತು. ಆದರೆ ಅಂಕಿಗಳ ಬದಲು ಪರಿಚಯವಿಲ್ಲದ ಚಿಹ್ನೆಗಳ ಸಾಲು ಕೊಟ್ಟಾಗ ಮಹಾದೇವನ್ ಮೊದಮೊದಲು ಸುಮಾರು 6 ಚಿಹ್ನೆಗಳನ್ನಷ್ಟೇ ನೆನಪಿಟ್ಟರು. ಸಾಮಾನ್ಯ ಕಾಲೇಜು ವಿದ್ಯಾರ್ಥಿಗಳ ಮಟ್ಟವೂ ಅಷ್ಟೇ.

ಇದಕ್ಕೆ ಜೋಡಿಯಾದ ಇನ್ನೊಂದು ಪ್ರಯೋಗ ಪಿಟ್ಸ್‌ಬರ್ಗಿನ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದಲ್ಲಿ ನಡೆಯಿತು, 1980ರಲ್ಲಿ ಪ್ರಕಟವಾಯಿತು. ಸಾಧಾರಣ ನೆನಪಿನ ವಿದ್ಯಾರ್ಥಿಯೊಬ್ಬ 230 ಗಂಟೆಗೂ ಮಿಕ್ಕಿ ಅಭ್ಯಾಸ ಮಾಡಿ, ಒಮ್ಮೆಗೆ 7 ಅಂಕಿ ನೆನಪಿಡುತ್ತಿದ್ದವನು 79ಕ್ಕೆ ಮುಟ್ಟಿದ. ಅವನು ಓಟಗಾರ. ಅಂಕಿಗಳನ್ನು ಓಟದ ಸಮಯಗಳಾಗಿ ಗುಂಪು ಮಾಡಿಕೊಳ್ಳುವುದು ಅವನ ಗುಟ್ಟು. ಅಂಕಿ ತೆಗೆದು ಅಕ್ಷರ ಕೊಟ್ಟರೆ ಮತ್ತೆ ಆರಕ್ಕೇ ಬಂದು ನಿಲ್ಲುತ್ತಿದ್ದ.

ನೆನಪಿನ ಸ್ಪರ್ಧಿಗಳು ಹೆಚ್ಚಾಗಿ ಬಳಸುವ ಉಪಾಯ ಬಹಳ ಹಳೆಯದು. ಪರಿಚಿತ ಜಾಗವೊಂದರಲ್ಲಿ ಮನಸ್ಸಿನೊಳಗೇ ನಡೆಯುತ್ತ, ಒಂದೊಂದು ಕಡೆ ಒಂದೊಂದು ವಿಷಯವನ್ನು ಇಡುತ್ತ ಹೋಗುವುದು. ನಮ್ಮ ಮಗು ತನ್ನ ಮನೆಯಲ್ಲೇ ಇದನ್ನು ಮಾಡಬಹುದು: ಕಟ್ಟೆ, ತಲಬಾಗಿಲು, ಪಡಸಾಲೆ, ದೇವರ ಜಗಲಿ, ಅಡುಗೆಮನೆ, ಬಚ್ಚಲು, ಹಿತ್ತಲು. ಏಳು ಜಾಗ, ಏಳು ವಿಷಯ. 2017ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಈ ವಿಧಾನವನ್ನು ದಿನಕ್ಕೆ ಅರ್ಧ ಗಂಟೆಯಂತೆ ಆರು ವಾರ ಕಲಿತ ಸಾಮಾನ್ಯರು, 72 ಪದಗಳ ಪಟ್ಟಿಯಲ್ಲಿ ಸರಾಸರಿ 62ನ್ನು ನೆನಪಿಟ್ಟರು. ‘ತಲ್ಯಾಗ ನಿಲ್ಲಂಗಿಲ್ಲ’ ಎನಿಸಿಕೊಂಡ ಹುಡುಗನಿಗೆ ಯಾರೂ ದಾರಿ ತೋರಿಸಿರಲಿಕ್ಕಿಲ್ಲ, ಅಷ್ಟೇ.

ತಪ್ಪು ಕಲ್ಪನೆ 3: ‘ಕಂಠಪಾಠ ಅಂದರ ಗಿಳಿಪಾಠ. ಅದರಾಗ ಬುದ್ಧಿ ಏನೈತಿ?’

ವಾಸ್ತವ: ಇದು ಮೊದಲನೆಯದಕ್ಕೆ ತದ್ವಿರುದ್ಧವಾದ ತಪ್ಪು. ಒಂದು ಕಡೆ ನೆನಪನ್ನು ದೇವರ ವರ ಎಂದು ಪೂಜಿಸುವವರು, ಇನ್ನೊಂದು ಕಡೆ ಅದನ್ನು ಯಂತ್ರದ ಕೆಲಸ ಎಂದು ತಳ್ಳಿಹಾಕುವವರು. ಅವಧಾನಕಲೆಯನ್ನು ನೋಡಿದರೆ ಎರಡೂ ತಪ್ಪು ಎಂಬುದು ತಿಳಿಯುತ್ತದೆ. 1962ರಲ್ಲಿ ಕೋಲಾರದಲ್ಲಿ ಹುಟ್ಟಿದ, ಎಂಜಿನಿಯರಿಂಗ್ ಓದಿದ ಶತಾವಧಾನಿ ಆರ್. ಗಣೇಶ್ ಸಾವಿರಕ್ಕೂ ಹೆಚ್ಚು ಅವಧಾನ ಮಾಡಿ ಈ ಕಲೆಗೆ ಕನ್ನಡದಲ್ಲಿ ಮತ್ತೆ ಜೀವ ತಂದವರು. ಅಷ್ಟಾವಧಾನದಲ್ಲಿ ಎಂಟು ಮಂದಿ ಪೃಚ್ಛಕರು (ಪ್ರಶ್ನೆ ಕೇಳುವವರು) ಸುತ್ತ ಕೂರುತ್ತಾರೆ. ಒಬ್ಬರು ಅಕ್ಷರ ಅಕ್ಷರಕ್ಕೂ ನಿಷೇಧ ಹಾಕುತ್ತಾರೆ, ಒಬ್ಬರು ಅರ್ಥವಿಲ್ಲದಂತೆ ತೋರುವ ಸಾಲು ಕೊಟ್ಟು ಪದ್ಯ ಪೂರ್ತಿಮಾಡಿ ಎನ್ನುತ್ತಾರೆ, ಒಬ್ಬರು ಸಂಖ್ಯಾಬಂಧದ ಮನೆಗಳನ್ನು ಅನುಕ್ರಮ ತಪ್ಪಿಸಿ ಕೇಳುತ್ತಾರೆ, ಮತ್ತೊಬ್ಬರ ಕೆಲಸವೇ ನಡುನಡುವೆ ಹರಟೆ ತೆಗೆದು ಗಮನ ಕೆಡಿಸುವುದು. ಪ್ರತಿ ಪದ್ಯವೂ ಸುತ್ತಿಗೊಂದು ಸಾಲಿನಂತೆ ಬೆಳೆಯುತ್ತದೆ. ಕಾಗದ, ಪೆನ್ನು ಮುಟ್ಟುವಂತಿಲ್ಲ. ಕೊನೆಗೆ ಎಲ್ಲ ಪದ್ಯಗಳನ್ನೂ ಇಡಿಯಾಗಿ ಒಪ್ಪಿಸಬೇಕು.

ಇಲ್ಲಿ ನೆನಪು ಕಾವ್ಯ ಕಟ್ಟುವ ಕೈಯಾಗಿ ಕೆಲಸ ಮಾಡುತ್ತದೆ. ಛಂದಸ್ಸು ಕರಗತವಾಗದೆ, ನೂರಾರು ಪದ್ಯ ಬಾಯಲ್ಲಿ ಆಡದೆ ಹೊಸ ಪದ್ಯ ಹುಟ್ಟುವುದಿಲ್ಲ. ನಮ್ಮ ಭಾಗದ ದೊಡ್ಡಾಟದ ಕಲಾವಿದರನ್ನು ನೋಡಿ. ಅಕ್ಷರ ಬಾರದ ಎಷ್ಟೋ ಹಿರಿಯರು ಇಡೀ ರಾತ್ರಿಯ ಆಟದ ಪದ, ವಚನ ಎಲ್ಲವನ್ನೂ ಬಾಯಲ್ಲಿ ಇಟ್ಟುಕೊಂಡವರು; ಎದುರಿನವನು ಮಾತು ಮರೆತರೆ ಅಲ್ಲೇ ಹೊಸ ಮಾತು ಹುಟ್ಟಿಸಿ ಆಟ ಮುಂದೆ ಸಾಗಿಸುವವರು. ಅರ್ಥ ಬಿಟ್ಟು ಒಪ್ಪಿಸುವ ಪಾಠ ಗಿಳಿಪಾಠವೇ ಹೌದು. ಅರ್ಥ ಹಿಡಿದು ನೆನಪಿಟ್ಟದ್ದು ಮುಂದೆ ಬರೆಯುವವನ ಬಂಡವಾಳ.

ತಪ್ಪು ಕಲ್ಪನೆ 4: ‘ಫೀ ಕಟ್ಟಿದರ ಎರಡು ದಿನದಾಗ ಮಿದುಳು ತೆರೀತಾರ.’

ವಾಸ್ತವ: ‘ಮಿಡ್‌ಬ್ರೇನ್ ಆಕ್ಟಿವೇಶನ್’ ಹೆಸರಿನ ತರಗತಿಗಳು ಕೆಲ ವರ್ಷಗಳ ಹಿಂದೆ ನಗರಗಳಲ್ಲಿ ಭರ್ಜರಿ ವ್ಯಾಪಾರ ಮಾಡಿದವು. ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ಮಗು ಪುಸ್ತಕ ಓದುತ್ತದೆ, ಬಣ್ಣ ಗುರುತಿಸುತ್ತದೆ, ಆಮೇಲೆ ಓದಿದ್ದೆಲ್ಲ ನೆನಪಿರುತ್ತದೆ ಎಂಬ ಪ್ರಚಾರ. ನಡುಮಿದುಳು ಪ್ರತಿ ಮಗುವಿನಲ್ಲೂ ಹುಟ್ಟಿದಾಗಿನಿಂದ ಕೆಲಸ ಮಾಡುತ್ತಲೇ ಇದೆ. ಕಣ್ಣಿನ ಚಲನೆ, ಶಬ್ದಕ್ಕೆ ತಲೆ ತಿರುಗಿಸುವುದು ಇಂಥವು ಅದರ ಪಾಲಿನ ಕೆಲಸ. ಅದು ‘ಮುಚ್ಚಿಕೊಂಡು’ ಇರುವುದೂ ಇಲ್ಲ, ಸಂಗೀತ ಹಚ್ಚಿ ತೆರೆಯುವುದೂ ಇಲ್ಲ. ಮಂಗಳೂರಿನ ವಿಚಾರವಾದಿ ನರೇಂದ್ರ ನಾಯಕ್ ಈ ಪ್ರದರ್ಶನಗಳನ್ನು ಬಹಿರಂಗವಾಗಿ ಪ್ರಶ್ನಿಸುತ್ತ ಬಂದವರು. ಮೂಗಿನ ಪಕ್ಕದ ಸಂದಿಯಿಂದ ಕೆಳಗೆ ನೋಡಿದರೆ ಯಾರು ಬೇಕಾದರೂ ಓದಬಹುದು. ಆ ಸಂದಿ ಪೂರ್ತಿ ಮುಚ್ಚಿದರೆ ಓದು ನಿಂತುಹೋಗುತ್ತದೆ.

ಹಣ ಹೋದದ್ದಕ್ಕಿಂತ ದೊಡ್ಡ ನಷ್ಟ ಇನ್ನೊಂದಿದೆ. ಸಂದಿಯಿಂದ ನೋಡಿ ‘ನೋಡದೆ ಓದಿದೆ’ ಎನ್ನುವ ಮಗು, ಅಪ್ಪ ಅಮ್ಮ ಖುಷಿಪಡಲಿ ಎಂದು ಸುಳ್ಳು ಹೇಳುವುದನ್ನು ಕಲಿಯುತ್ತದೆ. ನೆನಪು ಬಲಿಯಬೇಕಾದರೆ ಪುಸ್ತಕ ಮುಚ್ಚಿ ಓದಿದ್ದನ್ನು ತಾನೇ ನೆನಪಿಸಿಕೊಳ್ಳಬೇಕು, ಒಂದೆರಡು ದಿನ ಬಿಟ್ಟು ಮತ್ತೆ ನೆನಪಿಸಿಕೊಳ್ಳಬೇಕು, ಹೊತ್ತಿಗೆ ಸರಿಯಾಗಿ ಮಲಗಬೇಕು. ಮೂರಕ್ಕೂ ಫೀ ಇಲ್ಲ.

ತಪ್ಪು ಕಲ್ಪನೆ 5: ‘ಹತ್ತು ವರ್ಷಕ್ಕೇ ಪುಸ್ತಕ ಬಂದರ ಅವನೇ ಖರೇ ಲೇಖಕ. ಆಮ್ಯಾಲೆ ಬರದರ ಏನು ಬಂತು?’

ವಾಸ್ತವ: ಅಣ್ಣಿಗೇರಿ ನಮ್ಮ ಜಿಲ್ಲೆಯದೇ ತಾಲ್ಲೂಕು. ಆದಿಕವಿ ಪಂಪನ ತಾಯಿಯ ಕಡೆಯ ಊರು ಅದು ಎಂಬುದಕ್ಕೆ ಅವನ ತಮ್ಮ ಜಿನವಲ್ಲಭ ಹಾಕಿಸಿದ ಕುರ್ಕ್ಯಾಲ ಶಾಸನವೇ ಸಾಕ್ಷಿ. ಆ ಪಂಪ ‘ಆದಿಪುರಾಣ’ ಬರೆದದ್ದು 941ರಲ್ಲಿ, 39ನೇ ವಯಸ್ಸಿನಲ್ಲಿ. ಸಾಧನಕೇರಿಯ ಬೇಂದ್ರೆಯವರ ‘ಗರಿ’ ಸಂಕಲನ 1932ರಲ್ಲಿ ಬಂದಾಗ ಅವರಿಗೆ 36. ಶಕುಂತಲಾದೇವಿಯವರ ಹೆಸರಾಂತ ಪುಸ್ತಕಗಳೆಲ್ಲ 1976 ಮತ್ತು ಅದರ ನಂತರದವು. ಆಗಲೇ 46 ದಾಟಿತ್ತು. ವೇದಿಕೆಯ ಲೆಕ್ಕ ಆರರಲ್ಲಿ ಸಿದ್ಧಿಸಿತು, ಆ ಲೆಕ್ಕದ ಸಂತೋಷವನ್ನು ಇನ್ನೊಬ್ಬರಿಗೆ ಅರ್ಥವಾಗುವಂತೆ ಬರೆಯಲು ಮತ್ತೆ 40 ವರ್ಷ ಬೇಕಾಯಿತು.

ಕಾರಣ ಸರಳ. ನೆನಪಿಗೂ ಲೆಕ್ಕಕ್ಕೂ ಹೊರಗಿನ ಅನುಭವ ಹೆಚ್ಚು ಬೇಡ, ಬರವಣಿಗೆಗೆ ಬೇಕು. ಮಂದಿಯ ಮಾತು ಕೇಳಿರಬೇಕು, ಸಾವು ನೋವು ನೋಡಿರಬೇಕು, ಬರೆದದ್ದನ್ನು ಹರಿದು ಮತ್ತೆ ಬರೆದಿರಬೇಕು. ಇದರ ಅರ್ಥ ಮಕ್ಕಳು ಬರೆಯಬಾರದೆಂದಲ್ಲ. ಗೋಡೆಪತ್ರಿಕೆ, ಶಾಲೆಯ ಹಸ್ತಪ್ರತಿ, ಅಜ್ಜನ ಕತೆಯನ್ನು ಬರೆದಿಡುವ ನೋಟ್‌ಬುಕ್ಕು, ಇವೆಲ್ಲ ಒಳ್ಳೆಯ ಕಸುವು ಕೊಡುತ್ತವೆ. ಆದರೆ ದೊಡ್ಡವರು ತಿದ್ದಿ, ದುಡ್ಡು ಕೊಟ್ಟು ಅಚ್ಚು ಹಾಕಿಸಿ, ಶಾಲು ಹೊದಿಸಿ ‘ಲೇಖಕ’ ಎಂದು ಕರೆದರೆ ಮಗು ಅಲ್ಲಿಗೇ ನಿಂತುಬಿಡುವ ಅಪಾಯವಿದೆ. ಮಗುವಿನ ಬರಹಕ್ಕೆ ಬೇಕಾದದ್ದು ಒಬ್ಬ ಓದುಗ. ‘ಇದು ನನಗ ತಿಳೀಲಿಲ್ಲ, ಇನ್ನೊಮ್ಮೆ ಹೇಳು’ ಎನ್ನುವ ಓದುಗ.

ತಪ್ಪು ಕಲ್ಪನೆ 6: ‘ಇಂಗ್ಲಿಷಿನಾಗ ಬರದರ ಅಷ್ಟೇ ಹೊರಗಿನ ಮಂದಿಗೆ ಗೊತ್ತಾಗೂದು.’

ವಾಸ್ತವ: ಕುವೆಂಪು ಅವರ ಮೊದಲ ಪುಸ್ತಕ 1922ರಲ್ಲಿ ಬಂದದ್ದು ಇಂಗ್ಲಿಷಿನಲ್ಲೇ. ಐರಿಶ್ ಕವಿ ಜೇಮ್ಸ್ ಕಸಿನ್ಸ್ ಅದನ್ನು ನೋಡಿ, ನಿಮ್ಮ ಭಾಷೆಯಲ್ಲೇ ಬರೆಯಿರಿ ಎಂದು ಹೇಳಿದ್ದು ಎಲ್ಲರಿಗೂ ಗೊತ್ತಿರುವ ಸಂಗತಿ. ಇನ್ನೂ ಹತ್ತಿರದ ಉದಾಹರಣೆ ಗಿರೀಶ ಕಾರ್ನಾಡರದು. ಶಿರಸಿ, ಧಾರವಾಡಗಳಲ್ಲಿ ಬೆಳೆದು, ಕರ್ನಾಟಕ ಕಾಲೇಜಿನಲ್ಲಿ ಗಣಿತ ಮತ್ತು ಸಂಖ್ಯಾಶಾಸ್ತ್ರ ಓದಿದ ಹುಡುಗನಿಗೆ ಇಂಗ್ಲಿಷ್ ಕವಿ ಆಗುವ ಹಂಬಲವಿತ್ತು. ಆಕ್ಸ್‌ಫರ್ಡಿಗೆ ಹೊರಡುವ ಹೊತ್ತಿನಲ್ಲಿ, ಮನೆಯವರ ನಿರೀಕ್ಷೆ ಮತ್ತು ತನ್ನ ಆಸೆಗಳ ಜಗ್ಗಾಟದ ನಡುವೆ ಬರೆದದ್ದು ಮಾತ್ರ ಕನ್ನಡ ನಾಟಕ. ಆ ‘ಯಯಾತಿ’ಯನ್ನು 1961ರಲ್ಲಿ ಪ್ರಕಟಿಸಿದ್ದು ಧಾರವಾಡದ ಮನೋಹರ ಗ್ರಂಥಮಾಲೆ. ಹೊರಗಿನ ಜಗತ್ತು ಕಾರ್ನಾಡರನ್ನು ಗುರುತಿಸಿದ್ದು ಆ ಕನ್ನಡ ನಾಟಕಗಳಿಂದಲೇ.

ಕಲಘಟಗಿ ತಾಲ್ಲೂಕಿನಲ್ಲಿ ಈ ಮಾತಿಗೆ ಇನ್ನೊಂದು ಮಗ್ಗಲಿದೆ. ಕಾಡಂಚಿನ ಗೌಳಿ ದಡ್ಡಿಗಳ (ದನಗಾಹಿಗಳ ವಸತಿಗಳ) ಮಕ್ಕಳು ಮನೆಯಲ್ಲಿ ಒಂದು ಭಾಷೆ, ಶಾಲೆಯಲ್ಲಿ ಕನ್ನಡ ಆಡುತ್ತಾರೆ. ಅವರು ಬರೆಯುವಾಗ ತಡವರಿಸಿದರೆ ದಡ್ಡತನ ಎಂದು ಲೆಕ್ಕ ಹಾಕಬಾರದು. ಅವರ ತಲೆಯಲ್ಲಿ ಎರಡು ಭಾಷೆಗಳು ಕೆಲಸ ಮಾಡುತ್ತಿವೆ. ಇಂಗ್ಲಿಷ್ ಚೆನ್ನಾಗಿ ಕಲಿಯಲಿ, ಬೇಕಾದಷ್ಟು ಕಲಿಯಲಿ. ಸಿಟ್ಟು, ನಗು, ನಾಚಿಕೆಗಳನ್ನು ಯಾವ ಭಾಷೆಯಲ್ಲಿ ಆಡುತ್ತಾರೋ ಅದರಲ್ಲೇ ಮೊದಲು ಬರೆಯಲಿ.

ತಪ್ಪು ಕಲ್ಪನೆ 7: ‘ಸಣ್ಣ ಹುಡುಗರಿಗೆ ಸಮಾಜದ ಉಸಾಬರಿ ಯಾಕ? ಯಾರೋ ಹೇಳಿಕೊಟ್ಟ ಭಾಷಣ ಅದು.’

ವಾಸ್ತವ: ಹೇಳಿಕೊಟ್ಟ ಭಾಷಣಗಳೂ ಇವೆ, ಇಲ್ಲವೆಂದಲ್ಲ. ಆದರೆ ತನ್ನ ಬದುಕಿಗೆ ತಟ್ಟಿದ್ದನ್ನು ಮಗು ಹೇಳತೊಡಗಿದರೆ ಯಾರೂ ಬರೆದುಕೊಡಬೇಕಿಲ್ಲ. 1990ರ ದಶಕದಲ್ಲಿ ದುಡಿಯುವ ಮಕ್ಕಳೇ ಕಟ್ಟಿಕೊಂಡ ‘ಭೀಮ ಸಂಘ’, ಕುಂದಾಪುರ ತಾಲ್ಲೂಕಿನ ಹಳ್ಳಿಗಳಲ್ಲಿ ನಡೆದ ಮಕ್ಕಳ ಪಂಚಾಯಿತಿಗಳು ಇದಕ್ಕೆ ಕರ್ನಾಟಕದ್ದೇ ಮಾದರಿ. ಆ ಅನುಭವದಿಂದ ಬೆಳೆದ ಮಕ್ಕಳ ಗ್ರಾಮಸಭೆಗಳು ಈಗ ರಾಜ್ಯದ ಗ್ರಾಮ ಪಂಚಾಯಿತಿಗಳಲ್ಲಿ ವರ್ಷಕ್ಕೊಮ್ಮೆ, ಹೆಚ್ಚಾಗಿ ನವೆಂಬರ್ ಸುಮಾರಿಗೆ, ನಡೆಯುತ್ತವೆ. ಶಾಲೆಯ ಶೌಚಾಲಯಕ್ಕೆ ನೀರಿಲ್ಲ, ಬಸ್ಸು ನಮ್ಮೂರಲ್ಲಿ ನಿಲ್ಲುವುದಿಲ್ಲ, ಶಾಲೆ ಪಕ್ಕ ಸಾರಾಯಿ ಮಾರುತ್ತಾರೆ: ಇಂಥ ದೂರುಗಳು ಅಲ್ಲಿ ಬರುತ್ತವೆ. ಬಸ್ಸು ತಪ್ಪಿಸಿಕೊಂಡವರಿಗಿಂತ ಬಸ್ಸಿನ ವಿಷಯ ಚೆನ್ನಾಗಿ ಬಲ್ಲವರು ಯಾರಿದ್ದಾರೆ?

ಕಾನೂನಿನ ಬೆಂಬಲವೂ ಇದೆ. ವಿಶ್ವಸಂಸ್ಥೆಯ ಮಕ್ಕಳ ಹಕ್ಕುಗಳ ಒಡಂಬಡಿಕೆಯ 12ನೇ ವಿಧಿ, ಮಗುವಿಗೆ ಸಂಬಂಧಿಸಿದ ವಿಷಯದಲ್ಲಿ ಮಗುವಿನ ಅಭಿಪ್ರಾಯ ಕೇಳಬೇಕು ಎನ್ನುತ್ತದೆ. ಭಾರತ ಇದನ್ನು ಒಪ್ಪಿದ್ದು 1992ರಲ್ಲಿ. ಈ ಭಾಗದ ಹೆಣ್ಣುಮಕ್ಕಳಿಗೆ ಹೆಚ್ಚು ಉಪಯೋಗಕ್ಕೆ ಬರುವುದು ಬಾಲ್ಯವಿವಾಹ ನಿಷೇಧದ ಕರ್ನಾಟಕ ತಿದ್ದುಪಡಿ, 2016. ಅದರ ಪ್ರಕಾರ ರಾಜ್ಯದಲ್ಲಿ ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು. ಮಕ್ಕಳ ಸಹಾಯವಾಣಿ 1098ಕ್ಕೆ ಕರೆಮಾಡುವ ಹುಡುಗಿ ಊರಿನ ಮರ್ಯಾದೆ ತೆಗೆಯುತ್ತಿಲ್ಲ. ಕಾನೂನು ಕೊಟ್ಟ ಹಕ್ಕನ್ನು ಬಳಸುತ್ತಿದ್ದಾಳೆ. ಕವನ ಬರೆಯುವ, ನೂರು ಪದ್ಯ ಬಾಯಲ್ಲಿರುವ ಹುಡುಗಿಯ ಪ್ರತಿಭೆಗೆ ಹದಿನಾರರ ಮದುವೆಯಷ್ಟು ದೊಡ್ಡ ಕಂಟಕ ಬೇರೊಂದಿಲ್ಲ.

ತಪ್ಪು ಕಲ್ಪನೆ 8: ‘ಧೈರ್ಯದ ಕೂಸು. ಅದಕ್ಕ ಯಾರ ಆಸರಾನೂ ಬ್ಯಾಡ.’

ವಾಸ್ತವ: 1942ರ ಚಲೇಜಾವ್ ಚಳವಳಿಯಲ್ಲಿ ಹುಬ್ಬಳ್ಳಿಯಲ್ಲಿ ಗುಂಡಿಗೆ ಬಲಿಯಾದ ಬಾಲಕ ನಾರಾಯಣ ಡೋಣಿಯ ಹೆಸರನ್ನು ನಾವು ಹೆಮ್ಮೆಯಿಂದ ಹೇಳುತ್ತೇವೆ. ಹೇಳಲೇಬೇಕು. ಆದರೆ ಅದು ಬ್ರಿಟಿಷ್ ಆಳ್ವಿಕೆಯ ಕಾಲ. ಮಗು ಅಂಥ ಬೆಲೆ ತೆರುವ ಸ್ಥಿತಿ ಇಂದು ಬರಬಾರದು. ಅನ್ಯಾಯದ ವಿರುದ್ಧ ಮಾತಾಡಿದ ಮಗು ಮರುದಿನ ಅದೇ ಓಣಿಯಲ್ಲಿ ನಡೆದುಕೊಂಡು ಶಾಲೆಗೆ ಹೋಗಬೇಕಿದೆ ಎಂಬುದನ್ನು ಶಾಲು ಹೊದಿಸುವವರು ಮರೆಯುತ್ತಾರೆ.

ತನ್ನ ಮದುವೆಯನ್ನು ತಾನೇ ನಿಲ್ಲಿಸಿದ ಹುಡುಗಿಯ ಫೋಟೋ, ಊರು, ಶಾಲೆಯ ಹೆಸರನ್ನು ಹಾಕಿ ‘ದಿಟ್ಟೆ’ ಎಂದು ಸುದ್ದಿ ಮಾಡುವವರು ಒಳ್ಳೆಯ ಮನಸ್ಸಿನಿಂದಲೇ ಮಾಡಬಹುದು. ಆದರೆ 2015ರ ಬಾಲನ್ಯಾಯ ಕಾಯ್ದೆಯ 74ನೇ ಕಲಮು, ರಕ್ಷಣೆ ಬೇಕಾದ ಮಗುವಿನ ಗುರುತು ಹೊರಗೆಡಹುವುದನ್ನು ನಿಷೇಧಿಸುತ್ತದೆ. ದನಿ ಎತ್ತಿದ ಮಗುವಿನ ಹಿಂದೆ ಶಿಕ್ಷಕರು, ಪಂಚಾಯಿತಿ, ಮಕ್ಕಳ ರಕ್ಷಣಾ ಘಟಕ ನಿಲ್ಲಬೇಕು. ಮಕ್ಕಳ ಗ್ರಾಮಸಭೆಯಲ್ಲಿ ಕೇಳಿದ ಪ್ರಶ್ನೆಗೆ ಮುಂದಿನ ವರ್ಷದೊಳಗೆ ಬರೆದ ಉತ್ತರ ಸಿಗಬೇಕು. ಕೇಳಿದ್ದಕ್ಕೆ ಚಪ್ಪಾಳೆಯಷ್ಟೇ ಸಿಕ್ಕರೆ ಮಗು ಎರಡನೆಯ ಸಲ ಕೇಳುವುದಿಲ್ಲ.

ತಪ್ಪು ಕಲ್ಪನೆ 9: ‘ದಾಖಲೆ ಪುಸ್ತಕದಾಗ ಹೆಸರು ಬಂತು, ಇನ್ನ ಮುಗೀತು.’

ವಾಸ್ತವ: ಶಕುಂತಲಾದೇವಿಯವರ 1980ರ ಗುಣಾಕಾರ 1982ರ ಗಿನ್ನೆಸ್ ಪುಸ್ತಕದಲ್ಲಿ ಅಚ್ಚಾಯಿತು. ಪ್ರಮಾಣಪತ್ರ ಮಾತ್ರ ಬಂದದ್ದು 2020ರಲ್ಲಿ, ಅವರು ತೀರಿಕೊಂಡ ಏಳು ವರ್ಷಗಳ ಮೇಲೆ, ಮಗಳ ಕೈಗೆ. ಆ ಪ್ರಮಾಣಪತ್ರವಿಲ್ಲದೆಯೂ ಅವರು ಬದುಕಿನುದ್ದಕ್ಕೂ ಶಕುಂತಲಾದೇವಿಯೇ ಆಗಿದ್ದರು. ಮಹಾದೇವನ್ ಅವರ ಪೈ ದಾಖಲೆಯನ್ನು 1987ರಲ್ಲಿ ಜಪಾನಿನ ಒಬ್ಬರು 40,000 ಅಂಕಿ ಹೇಳಿ ಮುರಿದರು. 2015ರಲ್ಲಿ ಭಾರತದಲ್ಲೇ ಅದು 70,000ಕ್ಕೆ ಮುಟ್ಟಿತು. ದಾಖಲೆ ಎಂದರೆ ಮುರಿಯುವವರೆಗಿನ ಮಾತು.

ಈಗ ದಾಖಲೆ ಪುಸ್ತಕಗಳು ಬಹಳ. ಅರ್ಜಿಗೆ, ಪದಕಕ್ಕೆ, ಚೌಕಟ್ಟಿನ ಪ್ರಮಾಣಪತ್ರಕ್ಕೆ ಶುಲ್ಕ ಕೇಳುವವೂ ಇವೆ. ಎರಡು ವರ್ಷದ ಕೂಸು ಹಣ್ಣುಗಳ ಹೆಸರು ಹೇಳಿದ್ದಕ್ಕೆ ಪದಕ ಬಂದರೆ ಮನೆಯವರಿಗೆ ಸಂತೋಷ, ತಪ್ಪೇನಿಲ್ಲ. ಆದರೆ ‘ಇಷ್ಟು ನಿಮಿಷದಲ್ಲಿ ಇಷ್ಟು ಹೆಸರು ಹೇಳಿತು’ ಎನ್ನುವುದಷ್ಟೇ ಆ ಕಾಗದದ ಸಾಕ್ಷ್ಯ. ಮಗುವಿನ ವಿಚಾರಶಕ್ತಿ, ಭಾಷೆ, ಕರುಣೆ ಯಾವುದನ್ನೂ ಅದು ಅಳೆದಿಲ್ಲ. ಮುಂದಿನ ಪದಕಕ್ಕಾಗಿ ಮಗುವನ್ನು ಆಟದಿಂದ ಎಬ್ಬಿಸಿ ಕೂರಿಸುವುದು ಶುರುವಾದರೆ ಕಾಗದ ಗೆದ್ದು ಮಗು ಸೋತಂತೆ.

ತಪ್ಪು ಕಲ್ಪನೆ 10: ‘ನಮ್ಮ ಊರಾಗ ಏನೈತಿ? ಬೆಂಗಳೂರಾಗ ಹುಟ್ಟಬೇಕಿತ್ತು.’

ವಾಸ್ತವ: ರೋಣದಲ್ಲಿ ಹುಟ್ಟಿದ ಭೀಮಸೇನ ಜೋಶಿ ಹನ್ನೊಂದನೇ ವಯಸ್ಸಿಗೆ ಗುರುವನ್ನು ಹುಡುಕುತ್ತ ಮನೆಬಿಟ್ಟು ಉತ್ತರ ಭಾರತವೆಲ್ಲ ಸುತ್ತಿದರು. ಕೊನೆಗೆ 1936ರಲ್ಲಿ ಗುರು ಸಿಕ್ಕಿದ್ದು ನಮ್ಮದೇ ಜಿಲ್ಲೆಯ ಕುಂದಗೋಳದಲ್ಲಿ, ಸವಾಯಿ ಗಂಧರ್ವರ ಮನೆಯಲ್ಲಿ. ಊರು ಸಣ್ಣದಿದ್ದರೂ ಕಲಿಸುವವರು ದೊಡ್ಡವರಿದ್ದರೆ ಸಾಕು ಎಂಬುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಡ.

ಇಂದು ಕೈಗೆಟಕುವ ಸೌಲಭ್ಯಗಳೂ ಇವೆ, ಕೇಳಿ ಪಡೆಯುವವರು ಕಡಿಮೆ. ಗ್ರಾಮ ಪಂಚಾಯಿತಿ ಗ್ರಂಥಾಲಯಗಳಲ್ಲಿ 2020ರಲ್ಲಿ ಶುರುವಾದ ‘ಓದುವ ಬೆಳಕು’ ಕಾರ್ಯಕ್ರಮದಡಿ 6ರಿಂದ 18 ವರ್ಷದ ಮಕ್ಕಳಿಗೆ ಸದಸ್ಯತ್ವ ಉಚಿತ. ಮಕ್ಕಳಿಗೆಂದೇ ಇರುವ ಕರ್ನಾಟಕ ಬಾಲವಿಕಾಸ ಅಕಾಡೆಮಿ ಇರುವುದು ಧಾರವಾಡದಲ್ಲಿ. 1890ರಿಂದ ನಡೆದುಬಂದ ಕರ್ನಾಟಕ ವಿದ್ಯಾವರ್ಧಕ ಸಂಘ ಇರುವುದೂ ಅಲ್ಲೇ. ಜೊತೆಗೆ ನಮ್ಮ ಕಲಘಟಗಿಯಲ್ಲೇ ತೊಟ್ಟಿಲಿನ ಮೇಲೆ ಪುರಾಣದ ಕತೆಗಳನ್ನು ಬಣ್ಣದಲ್ಲಿ ಬಿಡಿಸುವ ಕುಶಲಕರ್ಮಿಗಳಿದ್ದಾರೆ. ಯಾವ ಚಿತ್ರದ ಪಕ್ಕ ಯಾವುದು, ಯಾವ ಕತೆ ಎಲ್ಲಿ ಶುರು ಎಂಬುದು ಅವರಿಗೆ ಕೈಯಲ್ಲೇ ನೆನಪು. ಅವರ ಬಳಿ ಕೂತು ಆ ಕತೆಗಳನ್ನು ಕೇಳಿ ಬರೆದಿಟ್ಟರೆ ನೆನಪಿಗೂ ಬರಹಕ್ಕೂ ಒಂದೇ ಸಲ ಪಾಠವಾಗುತ್ತದೆ.

ತಪ್ಪು ಕಲ್ಪನೆ 11: ‘ಈಗಲೇ ಹಿಂಗ ಇದ್ದರ ಮುಂದ ಎಲ್ಲಿಗೋ ಹೋಗ್ತಾನ. ಮನಿತನದ ಹೆಸರು ಉಳಸ್ತಾನ.’

ವಾಸ್ತವ: ಅಮೆರಿಕದ ಲೂಯಿಸ್ ಟರ್ಮನ್ 1921ರಲ್ಲಿ ಕ್ಯಾಲಿಫೋರ್ನಿಯಾದ 1,500ಕ್ಕೂ ಹೆಚ್ಚು ಅತಿ ಬುದ್ಧಿವಂತ ಮಕ್ಕಳನ್ನು ಆರಿಸಿ ಬದುಕಿನುದ್ದಕ್ಕೂ ಗಮನಿಸುವ ಅಧ್ಯಯನ ಶುರುಮಾಡಿದರು. ಬಹಳ ಮಂದಿ ಚೆನ್ನಾಗಿ ಬಾಳಿದರು. ನೊಬೆಲ್ ಪ್ರಶಸ್ತಿ ಮಾತ್ರ ಯಾರಿಗೂ ಬರಲಿಲ್ಲ. ಪರೀಕ್ಷೆಯಲ್ಲಿ ಅಂಕ ಸಾಲದೆ ಹೊರಗುಳಿದ ಇಬ್ಬರು ಹುಡುಗರಿಗೆ ಅದು ಬಂತು: 1956ರಲ್ಲಿ ವಿಲಿಯಂ ಶಾಕ್ಲಿ, 1968ರಲ್ಲಿ ಲೂಯಿಸ್ ಆಲ್ವರೆಜ್. ಎಳವೆಯ ಅಳತೆಗೋಲು ಇಡೀ ಬದುಕನ್ನು ಅಳೆಯಲಾರದು.

ಬೆಳಗಾವಿ ಜಿಲ್ಲೆಯ ಸುಳೇಭಾವಿಯಲ್ಲಿ 1924ರಲ್ಲಿ ಹುಟ್ಟಿದ ಶಿವಪುತ್ರನಿಗೆ ಎಳೆಯ ವಯಸ್ಸಿನಲ್ಲೇ ‘ಕುಮಾರ ಗಂಧರ್ವ’ ಎಂಬ ಬಿರುದು ಸಿಕ್ಕಿತು. ಬಿರುದಿನ ಮೇಲೆ ಬದುಕಬಹುದಿತ್ತು. ಆದರೆ ಹನ್ನೊಂದರ ಸುಮಾರಿಗೆ ಮುಂಬಯಿಯ ಬಿ.ಆರ್. ದೇವಧರರ ಬಳಿ ಕಲಿಯಲು ಕೂತ. ದೊಡ್ಡ ಗಾಯಕ ಬಂದದ್ದು ಆ ಕಲಿಕೆಯಿಂದ.

ಶಕುಂತಲಾದೇವಿಯವರ ಬಾಲ್ಯದ ಇನ್ನೊಂದು ಮುಖವನ್ನೂ ನೋಡಬೇಕು. ಆ ಪುಟ್ಟ ಹುಡುಗಿಯ ಪ್ರದರ್ಶನವೇ ಮನೆಗೆ ಆದಾಯವಾಗಿತ್ತು. ಶಾಲೆಯ ಬೆಂಚಿನ ಬದಲು ಸಿಕ್ಕಿದ್ದು ವೇದಿಕೆ. ದೊಡ್ಡವರಾದ ಮೇಲೆ ಅವರು ಲೆಕ್ಕದ ಆಚೆಗೆ ತಮ್ಮ ಆಯ್ಕೆಯ ಕೆಲಸಗಳನ್ನು ಮಾಡಿದರು. 1977ರಲ್ಲಿ ಸಲಿಂಗಿಗಳ ಬದುಕಿನ ಬಗ್ಗೆ ಪುಸ್ತಕ ಬರೆದು, ಅವರನ್ನು ಅಪರಾಧಿಗಳಂತೆ ಕಾಣಬಾರದು ಎಂದರು. ಸುಪ್ರೀಂ ಕೋರ್ಟ್ ಅದೇ ಮಾತು ಹೇಳಲು 2018 ಬರಬೇಕಾಯಿತು. 1980ರ ಲೋಕಸಭಾ ಚುನಾವಣೆಯಲ್ಲಿ ಮೇದಕ್ ಕ್ಷೇತ್ರದಿಂದ ಇಂದಿರಾ ಗಾಂಧಿ ವಿರುದ್ಧ ನಿಂತರು, ಸೋತರು. ಆ ಪುಸ್ತಕವನ್ನಾಗಲಿ ಆ ಚುನಾವಣೆಯನ್ನಾಗಲಿ ಅಪ್ಪ ಕಲಿಸಿರಲಿಲ್ಲ, ಯಾವ ದಾಖಲೆ ಪುಸ್ತಕವೂ ಲೆಕ್ಕಕ್ಕೆ ಹಿಡಿಯಲಿಲ್ಲ. ಅವರ ಸಾಮಾಜಿಕ ದನಿ ಎನ್ನಬಹುದಾದದ್ದು ಆ ಸ್ವತಂತ್ರ ಆಯ್ಕೆಗಳಲ್ಲೇ ಇದೆ.

ಆದ್ದರಿಂದ ಪ್ರತಿಭಾವಂತ ಮಗುವಿನ ಮನೆಯವರು ಮನೆತನದ ಹೆಸರಿನ ಭಾರವನ್ನು ಅದರ ಹೆಗಲಿಗೆ ಹಾಕದಿರುವುದು ಒಳ್ಳೆಯದು. ನೆನಪು ಬೆಳೆಯಲು ಅಭ್ಯಾಸದ ವಿಧಾನ ಕಲಿಸಿ, ಬರಹ ಬೆಳೆಯಲು ಪುಸ್ತಕ ಮತ್ತು ಸಮಯ ಕೊಡಿ, ದನಿ ಬೆಳೆಯಲು ಕೇಳುವ ಸಭೆ ಮತ್ತು ರಕ್ಷಣೆ ಕೊಡಿ. ಮೂರರಲ್ಲಿ ಯಾವುದನ್ನು ಮುಂದುವರಿಸಬೇಕು, ಯಾವುದನ್ನು ಬಿಡಬೇಕು ಎಂಬ ತೀರ್ಮಾನ ಮಗುವಿನದಾಗಿರಲಿ. ಹತ್ತನೇ ವಯಸ್ಸಿಗೆ ನೂರು ಪದ್ಯ ಹೇಳುತ್ತಿದ್ದ ಹುಡುಗಿ ಹದಿನಾಲ್ಕಕ್ಕೆ ‘ನನಗ ಇನ್ನ ಸಾಕು, ಕಬಡ್ಡಿ ಆಡ್ತೀನಿ’ ಎಂದರೆ ಅಲ್ಲಿ ಯಾವ ಪ್ರತಿಭೆಯೂ ಹಾಳಾಗಿಲ್ಲ. ತನಗೆ ಏನು ಬೇಕು ಎಂದು ಹೇಳಲು ಅವಳಿಗೆ ಬರುತ್ತಿದೆ. ನಾವು ಕಲಿಸಬೇಕಾದ್ದರಲ್ಲಿ ಅದೂ ಒಂದು.